ಪಾಲು ಬರೆಯದ ತಂದೆ ಕಳ್ಳನಲ್ಲ

ಟ್ರಸ್ಟ್ ಪತ್ರದಲ್ಲಿ ಯಾರಿಗೆ ಎಷ್ಟು ಪಾಲು ಎಂದು ಬರೆಯದೆ ‘ಅಗತ್ಯ ನೋಡಿ ಟ್ರಸ್ಟಿಗಳು ಕೊಡಲಿ’ ಎಂದು ಬಿಟ್ಟವನು ತೆರಿಗೆ ತಪ್ಪಿಸಲು ಹೊರಟವನೇ ಸರಿ. ಆದ್ದರಿಂದ ಅಂಥ ಟ್ರಸ್ಟಿನ ಮೊದಲ ರೂಪಾಯಿಗೇ ಗರಿಷ್ಠ ದರದ ತೆರಿಗೆ ಹಾಕುವುದು ನ್ಯಾಯ. ಈ ಅಭಿಪ್ರಾಯ ಇಂದು ಬಹುತೇಕ ಪ್ರಶ್ನೆಯಿಲ್ಲದೆ ನಡೆದುಕೊಂಡು ಹೋಗುತ್ತಿದೆ. ಕಾನೂನು ಅದರ ಮೇಲೆಯೇ ನಿಂತಿದೆ. ಅಧಿಕಾರಿಗಳು ಅದನ್ನು ಸಹಜವೆಂದು ಭಾವಿಸಿದ್ದಾರೆ. ತೆರಿಗೆ ಸಲಹೆ ಕೊಡುವವರೂ ‘ಪಾಲು ಬರೆಯಿರಿ, ಇಲ್ಲದಿದ್ದರೆ ಗರಿಷ್ಠ ದರ ಕಟ್ಟಿರಿ’ ಎಂದು ಹೇಳಿ ಕೈತೊಳೆದುಕೊಳ್ಳುತ್ತಾರೆ. ಈ ಅಭಿಪ್ರಾಯ ತಪ್ಪು ಎಂದು ನಾನು ವಾದಿಸುತ್ತೇನೆ. ಅದು ಶ್ರೀಮಂತನನ್ನು ನೋಯಿಸುವುದಿಲ್ಲ, ಸಣ್ಣ ಕುಟುಂಬವನ್ನು ಮಾತ್ರ ನೋಯಿಸುತ್ತದೆ. ಅದರಲ್ಲೂ ತಾವು ಸತ್ತ ಮೇಲೆ ತಮ್ಮ ಅಂಗವಿಕಲ ಮಗುವನ್ನು ಯಾರು ನೋಡಿಕೊಳ್ಳುತ್ತಾರೆ ಎಂಬ ಚಿಂತೆಯಲ್ಲಿರುವ ತಂದೆತಾಯಿಗೆ ಅದು ನೇರವಾಗಿ ಹೊಡೆಯುತ್ತದೆ.

ಮೊದಲು ಕಾನೂನಿನ ಕಟ್ಟಡ ನೋಡೋಣ. 1961ರ ಆದಾಯ ತೆರಿಗೆ ಕಾಯ್ದೆಯ 161ನೇ ಕಲಮಿನ ಪ್ರಕಾರ ಟ್ರಸ್ಟಿ ಎಂದರೆ ಫಲಾನುಭವಿಯ ಪ್ರತಿನಿಧಿ. ಫಲಾನುಭವಿ ತಾನೇ ಆ ಆದಾಯ ಪಡೆದಿದ್ದರೆ ಎಷ್ಟು ತೆರಿಗೆ ಕಟ್ಟಬೇಕಿತ್ತೋ, ಅವನ ಪರವಾಗಿ ಟ್ರಸ್ಟಿಯೂ ಅಷ್ಟೇ ಕಟ್ಟಬೇಕು. ಇದು ಸರಿಯಾದ ತತ್ವ. ಆದರೆ 164ನೇ ಕಲಮು ಈ ತತ್ವಕ್ಕೆ ಬೆನ್ನು ತಿರುಗಿಸುತ್ತದೆ. ಫಲಾನುಭವಿಗಳ ಪಾಲು ಇಂತಿಷ್ಟು ಎಂದು ಪತ್ರದಲ್ಲಿ ನಿಗದಿಯಾಗಿಲ್ಲದಿದ್ದರೆ, ಅಂದರೆ ವಕೀಲರು ಡಿಸ್ಕ್ರೀಷನರಿ ಟ್ರಸ್ಟ್ ಎಂದು ಕರೆಯುವ ವಿವೇಚನಾ ಟ್ರಸ್ಟ್ ಆಗಿದ್ದರೆ, ಇಡೀ ಆದಾಯಕ್ಕೆ ಗರಿಷ್ಠ ದರ. ತೆರಿಗೆಮುಕ್ತ ಮಿತಿ ಇಲ್ಲ, ಹಂತಗಳಿಲ್ಲ, ರಿಯಾಯಿತಿ ಇಲ್ಲ. 2026ರ ಏಪ್ರಿಲ್ 1ರಿಂದ ಹಳೆಯ ಕಾಯ್ದೆಯ ಜಾಗಕ್ಕೆ 2025ರ ಹೊಸ ಕಾಯ್ದೆ ಬಂದಿದೆ. ಕಲಮುಗಳ ಸಂಖ್ಯೆ ಬದಲಾಗಿದೆ, ಧೋರಣೆ ಬದಲಾಗಿಲ್ಲ. ಎಲ್ಲರಿಗೂ ಪರಿಚಿತವಾದ ಹಳೆಯ ಸಂಖ್ಯೆಗಳನ್ನೇ ಇಲ್ಲಿ ಬಳಸುತ್ತೇನೆ.

ಸುರಪುರದಲ್ಲಿ ಗಂಡ ಹೆಂಡತಿ ಇಬ್ಬರೂ ನಿವೃತ್ತ ಶಿಕ್ಷಕರು ಎಂದು ಇಟ್ಟುಕೊಳ್ಳಿ. ದೊಡ್ಡ ಮಗನಿಗೆ ಹುಟ್ಟಿನಿಂದ ಬೌದ್ಧಿಕ ವೈಕಲ್ಯ. ದುಡಿಯಲಾರ, ಹಣ ಎಣಿಸಲಾರ, ಕಾಗದಕ್ಕೆ ಸಹಿ ಮಾಡಿದರೂ ಅದರ ಅರ್ಥ ತಿಳಿಯದು. ಮಗಳು ಸರ್ಕಾರಿ ಶಾಲೆಯಲ್ಲಿ ಶಿಕ್ಷಕಿ, ಮದುವೆಯಾಗಿದೆ, ಎರಡು ಮಕ್ಕಳಿವೆ. ತಂದೆತಾಯಿ ಗ್ರಾಚ್ಯುಟಿ ಹಣವನ್ನೂ ಒಂದು ನಿವೇಶನ ಮಾರಿದ ಹಣವನ್ನೂ ಕೂಡಿಸಿ ಬ್ಯಾಂಕಿನಲ್ಲಿ ಠೇವಣಿ ಇಟ್ಟು ಟ್ರಸ್ಟ್ ಮಾಡುತ್ತಾರೆ. ಮಗಳನ್ನೂ ಒಬ್ಬ ನಂಬಿಗಸ್ತ ಬಂಧುವನ್ನೂ ಟ್ರಸ್ಟಿಗಳನ್ನಾಗಿ ನೇಮಿಸುತ್ತಾರೆ. ಮಗನ ಊಟ, ಔಷಧ, ನೋಡಿಕೊಳ್ಳುವ ಆಳಿನ ಸಂಬಳ ಮೊದಲು. ಉಳಿದರೆ, ಅಗತ್ಯ ಬಿದ್ದರೆ, ಮಗಳಿಗೆ ಅಥವಾ ಅವಳ ಮಕ್ಕಳಿಗೆ. ಎಷ್ಟು, ಯಾವಾಗ ಎಂಬುದು ಟ್ರಸ್ಟಿಗಳ ವಿವೇಚನೆಗೆ ಬಿಟ್ಟದ್ದು. ವರ್ಷದ ಬಡ್ಡಿ 4 ಲಕ್ಷ ರೂಪಾಯಿ.

ಇದೇ 4 ಲಕ್ಷ ಆ ಮಗನ ಸ್ವಂತ ಹೆಸರಿನಲ್ಲಿ ಬಂದಿದ್ದರೆ 2025-26ರ ಹೊಸ ಪದ್ಧತಿಯಲ್ಲಿ ತೆರಿಗೆ ಸೊನ್ನೆ. ಟ್ರಸ್ಟಿನ ಮೂಲಕ ಬಂದದ್ದರಿಂದ ಶೇ 30, ಅದರ ಮೇಲೆ ಸೆಸ್ ಸೇರಿ ಶೇ 31.2. ಅಂದರೆ 1,24,800 ರೂಪಾಯಿ. ತಿಂಗಳಿಗೆ 10,400. ಆ ಮಗನ ಪಕ್ಕದಲ್ಲಿ ಕೂತು ತುತ್ತು ತಿನ್ನಿಸಬೇಕಾದ ಆಳಿಗೆ ಕೊಡಬಹುದಾಗಿದ್ದ ಹಣ ಅದು. ಇಲ್ಲಿ ಯಾರು ಯಾರಿಗೆ ಮೋಸ ಮಾಡಿದ್ದಾರೆ? ಯಾವ ಆದಾಯವನ್ನು ಬಚ್ಚಿಡಲಾಗಿದೆ? ಬ್ಯಾಂಕಿನಲ್ಲಿ ಹಣ ಕಾಣುತ್ತದೆ, ಟ್ರಸ್ಟಿಗೆ ಪ್ಯಾನ್ ಸಂಖ್ಯೆ ಇದೆ, ಬಡ್ಡಿಯ ಲೆಕ್ಕ ಇಲಾಖೆಯ ಕಣ್ಣ ಮುಂದೆಯೇ ಇದೆ.

‘ಕಾನೂನಿನಲ್ಲಿ ವಿನಾಯಿತಿಗಳಿವೆಯಲ್ಲ’ ಎಂದು ಈ ದರದ ಸಮರ್ಥಕರು ಹೇಳುತ್ತಾರೆ. ಇವೆ. ಆದರೆ ಅವು ಎಷ್ಟು ಇಕ್ಕಟ್ಟಾಗಿವೆ ನೋಡಿ. ಫಲಾನುಭವಿಗಳಲ್ಲಿ ಯಾರೊಬ್ಬರಿಗೂ ತೆರಿಗೆಮುಕ್ತ ಮಿತಿ ಮೀರಿದ ಬೇರೆ ಆದಾಯ ಇರಬಾರದು, ಅವರಲ್ಲಿ ಯಾರೂ ಇನ್ನೊಂದು ಟ್ರಸ್ಟಿನ ಫಲಾನುಭವಿಯಾಗಿರಬಾರದು. ಆಗ ಮಾತ್ರ ಟ್ರಸ್ಟಿಗೆ ಹಂತಗಳ ದರ ಸಿಗುತ್ತದೆ. ಸುರಪುರದ ಮನೆಯಲ್ಲಿ ಮಗಳಿಗೆ ಸಂಬಳವಿದೆ. ಅವಳ ಹೆಸರು ಪತ್ರದಲ್ಲಿ ಇದೆ ಎಂಬ ಒಂದೇ ಕಾರಣಕ್ಕೆ ವಿನಾಯಿತಿ ಬಿದ್ದುಹೋಗುತ್ತದೆ. ಅವಳು ಆ ವರ್ಷ ಒಂದು ಪೈಸೆ ತೆಗೆದುಕೊಳ್ಳದಿದ್ದರೂ, ಇಡೀ ಹಣ ಅಣ್ಣನ ಔಷಧಕ್ಕೇ ಹೋಗಿದ್ದರೂ ಹಾಗೆಯೇ. ಅಣ್ಣನನ್ನು ಸಾಕುವ ತಂಗಿಯ ದುಡಿಮೆಯೇ ಅಣ್ಣನ ಟ್ರಸ್ಟಿಗೆ ಮುಳುವಾಗುವ ಕಾನೂನನ್ನು ನ್ಯಾಯ ಎಂದು ಕರೆಯಲು ನನಗೆ ಸಾಧ್ಯವಿಲ್ಲ.

ಈ ಕಾನೂನು ಎಲ್ಲಿಂದ ಬಂತು ಎಂದು ನೋಡಿದರೆ ಅದರ ಕಾರಣವೂ ತಿಳಿಯುತ್ತದೆ, ಆ ಕಾರಣ ಈಗ ಸತ್ತಿದೆ ಎಂಬುದೂ ತಿಳಿಯುತ್ತದೆ. 1970ರ ಹಣಕಾಸು ಕಾಯ್ದೆ ವಿವೇಚನಾ ಟ್ರಸ್ಟುಗಳ ಮೇಲೆ ಶೇ 65ರ ದರವನ್ನು ತಂದಿತು. ಮಾಮೂಲಿ ದರ ಅದಕ್ಕಿಂತ ಹೆಚ್ಚಾದರೆ ಆ ಹೆಚ್ಚಿನ ದರ. 1980ರಲ್ಲಿ ಅದರ ಜಾಗಕ್ಕೆ ‘ಗರಿಷ್ಠ ದರ’ ಎಂಬ ಇಂದಿನ ಸೂತ್ರ ಬಂತು. ಆ ಕಾಲ ಎಂಥದು? 1973-74ರ ಹೊತ್ತಿಗೆ ವ್ಯಕ್ತಿಯ ಮೇಲಿನ ಅತ್ಯುನ್ನತ ದರ ಸರ್ಚಾರ್ಜ್ ಸೇರಿ ಶೇ 97.75 ಆಗಿತ್ತು. ಆ ಹಂತದಲ್ಲಿ ಇನ್ನೊಂದು ನೂರು ರೂಪಾಯಿ ಗಳಿಸಿದರೆ ಕೈಯಲ್ಲಿ ಉಳಿಯುತ್ತಿದ್ದದ್ದು ಎರಡೂಕಾಲು ರೂಪಾಯಿ. ಆದಾಯವನ್ನು ಹತ್ತು ಮಂದಿ ಬಂಧುಗಳ ನಡುವೆ ಹರಡಿದರೆ ಲಕ್ಷಗಟ್ಟಲೆ ಉಳಿಯುತ್ತಿತ್ತು. ಅದರ ಜೊತೆಗೆ ಎಸ್ಟೇಟ್ ಡ್ಯೂಟಿ ಇತ್ತು, ಸಂಪತ್ತು ತೆರಿಗೆ ಇತ್ತು. ಹಣವಂತರು ಟ್ರಸ್ಟುಗಳ ಮೇಲೆ ಟ್ರಸ್ಟು ಕಟ್ಟಿದರು. ಸರ್ಕಾರ ಅದನ್ನು ತಡೆಯಲೇಬೇಕಿತ್ತು.

ಈಗ ಎಸ್ಟೇಟ್ ಡ್ಯೂಟಿ 1985ರಲ್ಲಿ ಹೋಗಿದೆ. ಸಂಪತ್ತು ತೆರಿಗೆಯನ್ನು 2015ರ ಹಣಕಾಸು ಕಾಯ್ದೆ ಕೊನೆಗೊಳಿಸಿದೆ. ಮೇಲಿನ ಹಂತದ ದರ ಶೇ 30ಕ್ಕೆ ಇಳಿದಿದೆ. ಕಾಯಿಲೆ ವಾಸಿಯಾದ ಮೇಲೂ ಅದೇ ಕಹಿ ಔಷಧವನ್ನು ಕುಡಿಸುತ್ತಿದ್ದೇವೆ, ಅದೂ ಕಾಯಿಲೆಯೇ ಇಲ್ಲದವರಿಗೆ.

ಏಕೆಂದರೆ ಗರಿಷ್ಠ ದರ ಇಂದು ಯಾರಿಗೆ ತಟ್ಟುತ್ತದೆ ಎಂಬುದನ್ನು ಯೋಚಿಸಬೇಕು. ವರ್ಷಕ್ಕೆ 40 ಲಕ್ಷ ಗಳಿಸುವ ಮನುಷ್ಯ ತನ್ನ ಠೇವಣಿಯನ್ನು ಟ್ರಸ್ಟಿಗೆ ಹಾಕಿದರೆ ಅವನಿಗೆ ಏನು ನಷ್ಟ? ಏನೂ ಇಲ್ಲ. ಆ ಬಡ್ಡಿಗೆ ಅವನು ಮೊದಲೂ ಶೇ 31.2 ಕಟ್ಟುತ್ತಿದ್ದ, ಈಗಲೂ ಅಷ್ಟೇ. ಸಿಗಬಹುದಾಗಿದ್ದ ಒಂದು ಲಾಭ ಅವನಿಗೆ ತಪ್ಪುತ್ತದೆ, ಅಷ್ಟು ಮಾತ್ರ. ಅದೇ ಸುರಪುರದ ನಿವೃತ್ತ ಶಿಕ್ಷಕರಿಗೆ ಇದ್ದದ್ದೇ ಹೋಗುತ್ತದೆ. ಇನ್ನೂ ಮೇಲಿನವರಿಗೆ ಬೇರೆ ದಾರಿಗಳೂ ಇವೆ. ಕುಟುಂಬದ ಖಾಸಗಿ ಕಂಪನಿಯೊಂದನ್ನು ಮಾಡಿ ಅದರಲ್ಲಿ ಹೂಡಿಕೆ ಇಟ್ಟರೆ, 115ಬಿಎಎ ಕಲಮಿನ ಪ್ರಕಾರ ಸರ್ಚಾರ್ಜ್ ಮತ್ತು ಸೆಸ್ ಸೇರಿ ಶೇ 25.168ರ ದರ. ಲಾಭಾಂಶ ಹಂಚುವಾಗ ಷೇರುದಾರರಿಗೆ ಮತ್ತೆ ತೆರಿಗೆ ಬೀಳುತ್ತದೆ, ನಿಜ. ಆದರೆ ಹಣವನ್ನು ಒಳಗೇ ಬೆಳೆಸುವವರೆಗೆ ಕಂಪನಿಯ ದರ ಟ್ರಸ್ಟಿನ ದರಕ್ಕಿಂತ ಕಡಿಮೆ. ಕಂಪನಿ ನಡೆಸುವ ತಾಕತ್ತು ಇರುವವನಿಗೆ ಶೇ 25, ಅಂಗವಿಕಲ ಮಗನಿಗಾಗಿ ಠೇವಣಿ ಇಟ್ಟವನಿಗೆ ಶೇ 31. ಇದೇನಾ ತೆರಿಗೆ ತಪ್ಪಿಸುವವರ ವಿರುದ್ಧದ ಹೋರಾಟ?

ಇನ್ನು ಪಾಲು ನಿಗದಿಯಾಗದಿರುವುದೇ ಅನುಮಾನಕ್ಕೆ ಕಾರಣ ಎಂಬ ಮಾತಿಗೆ ಬರೋಣ. ಈ ಮಾತನ್ನು ನಮ್ಮ ನೆಲದಲ್ಲಿ ನಿಂತು ಹೇಳುವುದು ತೀರ ವಿಚಿತ್ರ. ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ಮಿತಾಕ್ಷರಾ ಎಂಬ ವ್ಯಾಖ್ಯಾನ ಬರೆದದ್ದು ಕಲ್ಯಾಣ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ. ಕಲಬುರಗಿ ಜಿಲ್ಲೆಯ ಮರತೂರು ಅವನ ಊರು ಎಂದು ಜನ ನಂಬಿದ್ದಾರೆ. ಯಾದಗಿರಿ ಬೇರೆ ಜಿಲ್ಲೆಯಾಗುವ ತನಕ, ಅಂದರೆ 2009ರ ಕೊನೆಯವರೆಗೆ, ಸುರಪುರ, ಶಹಾಪುರ, ಯಾದಗಿರಿ ಈ ಮೂರು ಊರುಗಳ ನಾವೂ ಆ ಜಿಲ್ಲೆಯವರೇ. ಮಿತಾಕ್ಷರಾ ಪದ್ಧತಿಯ ಅವಿಭಕ್ತ ಕುಟುಂಬದಲ್ಲಿ ವಿಭಾಗವಾಗುವ ತನಕ ಯಾರ ಪಾಲೂ ಇಂತಿಷ್ಟು ಎಂದು ನಿಂತಿರುವುದಿಲ್ಲ. ಮನೆಯಲ್ಲಿ ಮಗು ಹುಟ್ಟಿದರೆ ಪಾಲು ಕುಗ್ಗುತ್ತದೆ, 2005ರ ತಿದ್ದುಪಡಿಯ ತನಕ ಒಬ್ಬರು ತೀರಿದರೆ ಹಿಗ್ಗುತ್ತಲೂ ಇತ್ತು. ಮನೆಯ ಯಜಮಾನ ಒಬ್ಬನ ಓದಿಗೆ, ಇನ್ನೊಬ್ಬಳ ಮದುವೆಗೆ, ಮತ್ತೊಬ್ಬನ ಕಾಯಿಲೆಗೆ ಅಗತ್ಯ ನೋಡಿ ಖರ್ಚು ಮಾಡುತ್ತಾನೆ. ಸಮನಾಗಿ ಹಂಚಲಿಲ್ಲವೇಕೆ ಎಂದು ಯಾರೂ ಲೆಕ್ಕ ಕೇಳುವುದಿಲ್ಲ.

ಇದೇ ಅವಿಭಕ್ತ ಕುಟುಂಬವನ್ನು ಆದಾಯ ತೆರಿಗೆ ಕಾನೂನು ಹೇಗೆ ಕಾಣುತ್ತದೆ? ಪ್ರತ್ಯೇಕ ತೆರಿಗೆದಾರ ಎಂದು. ಅದಕ್ಕೆ ತನ್ನದೇ ತೆರಿಗೆಮುಕ್ತ ಮಿತಿ ಉಂಟು, ತನ್ನದೇ ಹಂತಗಳುಂಟು. ಪಾಲು ನಿಗದಿಯಾಗಿಲ್ಲ ಎಂಬ ಕಾರಣಕ್ಕೆ ಅದರ ಮೇಲೆ ಗರಿಷ್ಠ ದರ ಬೀಳುವುದಿಲ್ಲ. ಯಜಮಾನನ ವಿವೇಚನೆಯನ್ನು ಯಾರೂ ಕಳ್ಳತನ ಎನ್ನುವುದಿಲ್ಲ. ಹಾಗಿದ್ದ ಮೇಲೆ ನೋಂದಾಯಿತ ಪತ್ರ ಬರೆದು, ಟ್ರಸ್ಟಿಗಳನ್ನು ನೇಮಿಸಿ, ಲೆಕ್ಕ ಇಡುವ ಹೊಣೆ ಹೊರಿಸಿ, ಅದೇ ಕೆಲಸವನ್ನು ಇನ್ನೂ ಶಿಸ್ತಿನಿಂದ ಮಾಡಿದವನ ಮೇಲೆ ಮಾತ್ರ ಅನುಮಾನ ಯಾಕೆ? ಅನಿಶ್ಚಿತ ಪಾಲು ಮೋಸದ ಗುರುತು ಎನ್ನುವ ಕಾನೂನು ತನ್ನದೇ ಇನ್ನೊಂದು ಕಲಮಿನಲ್ಲಿ ಅದನ್ನು ಸುಳ್ಳು ಮಾಡಿದೆ.

ಇದರಲ್ಲಿ ಇನ್ನೊಂದು ಅನ್ಯಾಯ ಅಡಗಿದೆ. ಹಿಂದೂ ಅವಿಭಕ್ತ ಕುಟುಂಬದ ಈ ಅನುಕೂಲ ಎಲ್ಲರಿಗೂ ಇಲ್ಲ. ಶಹಾಪುರದಲ್ಲಿ ಅಂಗಡಿ ಇಟ್ಟುಕೊಂಡಿರುವ ಒಬ್ಬ ಮುಸ್ಲಿಂ ತಂದೆಯನ್ನು ನೆನೆಯಿರಿ. ಅವನ ಮಗಳು ಮೆದುಳಿನ ಪಾರ್ಶ್ವವಾಯುವಿನೊಂದಿಗೆ ಹುಟ್ಟಿದವಳು. ಅವಿಭಕ್ತ ಕುಟುಂಬ ಎಂಬ ತೆರಿಗೆದಾರ ಅವನ ಪಾಲಿಗೆ ಇಲ್ಲವೇ ಇಲ್ಲ. ಅವನಿಗೆ ಉಳಿದ ದಾರಿ ಟ್ರಸ್ಟ್. ‘ಉಯಿಲಿನ ಮೂಲಕ ಟ್ರಸ್ಟ್ ಮಾಡಿ, ಅದಕ್ಕೆ ಗರಿಷ್ಠ ದರ ಬೀಳುವುದಿಲ್ಲ’ ಎಂದು ಸಲಹೆಗಾರರು ಹೇಳುತ್ತಾರೆ. ಉಯಿಲಿನ ಮೂಲಕ ಮಾಡಿದ ಏಕೈಕ ಟ್ರಸ್ಟಿಗೆ ವಿನಾಯಿತಿ ಇರುವುದು ನಿಜ. ಆದರೆ ಹನಫಿ ಕಾನೂನಿನಲ್ಲಿ ವಾರಸುದಾರರ ಒಪ್ಪಿಗೆಯಿಲ್ಲದೆ ಆಸ್ತಿಯ ಮೂರನೇ ಒಂದು ಭಾಗಕ್ಕಿಂತ ಹೆಚ್ಚನ್ನು ಉಯಿಲಿನಲ್ಲಿ ಬರೆಯುವಂತಿಲ್ಲ. ಆ ಭಾಗವನ್ನೂ ವಾರಸುದಾರರಲ್ಲಿ ಒಬ್ಬರಿಗೆ ಬರೆದರೆ ಉಳಿದ ವಾರಸುದಾರರು ಒಪ್ಪಬೇಕು, ಅದೂ ಅವನು ಸತ್ತ ಮೇಲೆ. ಮಗಳು ವಾರಸುದಾರಳೇ. ಕಾನೂನು ತೆರೆದಿಟ್ಟ ಈ ಬಾಗಿಲು ಅವನ ಮುಂದೆ ಮುಚ್ಚಿಯೇ ಇದೆ.

ಉಯಿಲಿನ ವಿನಾಯಿತಿ ಹಿಂದೂ ತಂದೆಗೂ ಸಾಂತ್ವನವಲ್ಲ. ಉಯಿಲು ಜಾರಿಗೆ ಬರುವುದು ಬರೆದವನು ಸತ್ತ ಮೇಲೆ. ತಂದೆತಾಯಿಗೆ ಬೇಕಿರುವುದು ತಾವು ಬದುಕಿರುವಾಗಲೇ ವ್ಯವಸ್ಥೆಯನ್ನು ನಿಲ್ಲಿಸಿ, ಟ್ರಸ್ಟಿಗಳು ಹೇಗೆ ನಡೆಸುತ್ತಾರೆ ಎಂದು ಕಣ್ಣಾರೆ ನೋಡಿ, ತಪ್ಪಿದ್ದರೆ ತಿದ್ದುವುದು. ತಾವು ಎಪ್ಪತ್ತರಲ್ಲಿ ಹಾಸಿಗೆ ಹಿಡಿದರೆ ಅಂದೇ ಟ್ರಸ್ಟ್ ಕೆಲಸ ಮಾಡಬೇಕು. ಸತ್ತರೆ ಮಾತ್ರ ರಿಯಾಯಿತಿ, ಬದುಕಿದ್ದರೆ ದಂಡ ಎಂಬುದು ಯಾವ ನೀತಿ?

ಈ ತಪ್ಪನ್ನು ಸಂಸತ್ತು ಇನ್ನೊಂದು ಕಡೆ ಒಪ್ಪಿಕೊಂಡು ತಿದ್ದಿದೆ. ಅಂಗವಿಕಲ ಅವಲಂಬಿತರ ಹೆಸರಿನಲ್ಲಿ ವಿಮಾ ಯೋಜನೆಗೆ ಹಣ ಕಟ್ಟಿದವರಿಗೆ 80ಡಿಡಿ ಕಲಮಿನಲ್ಲಿ ಕಡಿತ ಸಿಗುತ್ತಿತ್ತು. ಆದರೆ ಹಣ ಕಟ್ಟಿದ ತಂದೆಯೋ ತಾಯಿಯೋ ಸತ್ತ ಮೇಲೆ ಮಾತ್ರ ಮಗುವಿಗೆ ಹಣ ಬರಬೇಕು ಎಂಬ ಷರತ್ತು ಇತ್ತು. ರವಿ ಅಗರ್ವಾಲ್ ಎಂಬವರ ಪ್ರಕರಣದಲ್ಲಿ 2019ರಲ್ಲಿ ಸುಪ್ರೀಂ ಕೋರ್ಟ್ ಆ ಷರತ್ತನ್ನು ರದ್ದು ಮಾಡಲಿಲ್ಲವಾದರೂ ತಂದೆತಾಯಿಯ ಕಷ್ಟವನ್ನು ಗಮನಿಸಿ, ಮರುಯೋಚನೆ ಮಾಡಿ ಎಂದು ಸರ್ಕಾರಕ್ಕೆ ಹೇಳಿತು. 2022ರ ಹಣಕಾಸು ಕಾಯ್ದೆ ಕಲಮನ್ನು ತಿದ್ದಿತು. ತಂದೆತಾಯಿಗೆ ಅರವತ್ತು ತುಂಬಿದ ಮೇಲೆ ಅವರು ಬದುಕಿರುವಾಗಲೇ ಮಗುವಿಗೆ ಹಣ ಸಿಗಬಹುದು ಎಂದಾಯಿತು. ವಿಮೆಯ ವಿಷಯದಲ್ಲಿ ಅರ್ಥವಾದ ನ್ಯಾಯ ಟ್ರಸ್ಟಿನ ವಿಷಯದಲ್ಲಿ ಏಕೆ ಅರ್ಥವಾಗಬಾರದು? 64(1ಎ) ಕಲಮಿನಲ್ಲಿಯೂ ಇದೇ ಕರುಣೆ ಇದೆ. ಅಪ್ರಾಪ್ತ ಮಕ್ಕಳ ಆದಾಯವನ್ನು ತಂದೆ ಅಥವಾ ತಾಯಿಯ ಆದಾಯಕ್ಕೆ ಸೇರಿಸುವ ನಿಯಮದಿಂದ ಅಂಗವಿಕಲ ಮಗುವನ್ನು ಹೊರಗಿಟ್ಟಿದ್ದಾರೆ. 1999ರ ರಾಷ್ಟ್ರೀಯ ನ್ಯಾಸ ಕಾಯ್ದೆಯಡಿ ಜಿಲ್ಲಾಧಿಕಾರಿ ದರ್ಜೆಯ ಅಧಿಕಾರಿ ಇರುವ ಸ್ಥಳೀಯ ಸಮಿತಿ ಇಂಥವರಿಗೆ ಪಾಲಕರನ್ನು ನೇಮಿಸುತ್ತದೆ. ಮಗುವಿನ ದೇಹಕ್ಕೆ ಪಾಲಕರನ್ನು ಕೊಡುವ ರಾಜ್ಯವೇ ಮಗುವಿನ ಹಣಕ್ಕೆ ಪಾಲಕರನ್ನು ಇಟ್ಟ ತಂದೆಗೆ ಗರಿಷ್ಠ ದರ ಹಾಕುತ್ತದೆ.

164ನೇ ಕಲಮಿನ ಒಳಗೇ ಇನ್ನೂ ದೊಡ್ಡ ಸಾಕ್ಷಿಯಿದೆ. 1970ರ ಮಾರ್ಚ್ 1ಕ್ಕಿಂತ ಮುಂಚೆ, ತನ್ನನ್ನೇ ನಂಬಿಕೊಂಡ ಬಂಧುಗಳ ಹಿತಕ್ಕಾಗಿ ಪ್ರಾಮಾಣಿಕವಾಗಿ ಮಾಡಿದ ಟ್ರಸ್ಟಿಗೆ ಗರಿಷ್ಠ ದರವಿಲ್ಲ ಎಂದು ಅದು ಹೇಳುತ್ತದೆ. ಅಂದರೆ ಪಾಲು ಬರೆಯದೆಯೂ ಒಬ್ಬ ತಂದೆ ಪ್ರಾಮಾಣಿಕನಾಗಿರಬಹುದು ಎಂದು ಕಾನೂನಿಗೆ ಗೊತ್ತಿತ್ತು. 1970ರ ಫೆಬ್ರುವರಿಯಲ್ಲಿ ಪತ್ರ ಬರೆದ ತಂದೆ ಪ್ರಾಮಾಣಿಕನಾಗಬಲ್ಲ, ಏಪ್ರಿಲಿನಲ್ಲಿ ಬರೆದವನು ಆಗಲಾರ! ಮನುಷ್ಯರ ಸ್ವಭಾವ ಒಂದು ತಾರೀಖಿಗೆ ಬದಲಾಗುವುದಿಲ್ಲ.

‘ಇಷ್ಟೆಲ್ಲ ಯಾಕೆ, ಪಾಲು ಬರೆದುಬಿಡಿ’ ಎಂಬುದು ಎಲ್ಲಕ್ಕಿಂತ ಹೆಚ್ಚು ಕೇಳಿಬರುವ ಸಮಾಧಾನ. ಇದಕ್ಕೆ ಎರಡು ಉತ್ತರ.

ಮೊದಲನೆಯದು, ಪಾಲು ಬರೆದರೆ ರಕ್ಷಣೆ ಹೋಗುತ್ತದೆ. ಪಾಲು ನಿಗದಿಯಾದರೆ ಅದು ಫಲಾನುಭವಿಯ ಸ್ವತ್ತು. 1882ರ ಭಾರತೀಯ ಟ್ರಸ್ಟ್ ಕಾಯ್ದೆಯ ಪ್ರಕಾರ ವ್ಯವಹಾರ ಸಾಮರ್ಥ್ಯವುಳ್ಳ ಫಲಾನುಭವಿ ತನ್ನ ಹಕ್ಕನ್ನು ಬೇರೆಯವರಿಗೆ ವರ್ಗಾಯಿಸಬಲ್ಲ. ಸಾಲಗಾರರು ಅದರ ಬೆನ್ನು ಹತ್ತಬಲ್ಲರು. ಒಬ್ಬ ಮಗ ಸಾಲದಲ್ಲಿ ಮುಳುಗಿದ್ದರೆ, ಕುಡಿತಕ್ಕೆ ಬಿದ್ದಿದ್ದರೆ, ಅವನಿಗೆ ಪಾಲು ಬರೆಯುವುದೆಂದರೆ ಸಾಲ ಕೊಟ್ಟವನಿಗೆ ಬರೆದುಕೊಟ್ಟಂತೆ. ವಿವೇಚನಾ ಟ್ರಸ್ಟಿನಲ್ಲಿ ಟ್ರಸ್ಟಿಗಳು ಕೊಡುವ ತನಕ ಫಲಾನುಭವಿಗೆ ಇರುವುದು ನಿರೀಕ್ಷೆ ಮಾತ್ರ. ಗೊಂಡಲ್ ಮಹಾರಾಜರ ವಿದೇಶಿ ಟ್ರಸ್ಟುಗಳ ಪ್ರಕರಣದಲ್ಲಿ 2014ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟವಾಗಿ ಎತ್ತಿಹಿಡಿದಿದೆ. ಅಲ್ಲದೆ, ಮುಂದೆ ಯಾರಿಗೆ ಎಷ್ಟು ಬೇಕಾಗುತ್ತದೆ ಎಂದು ಇಂದು ಯಾವ ತಂದೆಗೆ ಗೊತ್ತು? ಇಂದು ಗಟ್ಟಿಯಾಗಿರುವ ಮಗಳು ನಾಳೆ ವಿಧವೆಯಾಗಬಹುದು. ವೈಕಲ್ಯವಿರುವ ಮಗನಿಗೆ ಒಂದು ವರ್ಷ ಇಪ್ಪತ್ತು ಸಾವಿರ ಸಾಕಾಗಬಹುದು, ಮುಂದಿನ ವರ್ಷ ಆಸ್ಪತ್ರೆಗೆ ಮೂರು ಲಕ್ಷ ಬೇಕಾಗಬಹುದು. ಇದನ್ನು ಶೇಕಡಾವಾರು ಬರೆಯಲು ಬರುವುದಿಲ್ಲ.

ಎರಡನೆಯದು, ಪಾಲು ಬರೆದರೂ ಎಲ್ಲರೂ ಪಾರಾಗುವುದಿಲ್ಲ. ಯಾದಗಿರಿ ಗಂಜಿನಲ್ಲಿ ಅಡತಿ ಅಂಗಡಿ ನಡೆಸುವವನು ತನ್ನ ನಂತರ ಅಂಗಡಿಯ ವ್ಯವಹಾರ ಮಕ್ಕಳಿಗಾಗಿ ಟ್ರಸ್ಟಿಗಳ ಕೈಯಲ್ಲಿ ನಡೆಯಲಿ ಎಂದು ಪತ್ರ ಮಾಡಿದ ಎನ್ನಿ. ಮೂರು ಮಕ್ಕಳಿಗೆ ಸಮಪಾಲು ಎಂದು ಖಚಿತವಾಗಿ ಬರೆದ. ಆದರೂ 161(1ಎ) ಕಲಮಿನಂತೆ ಟ್ರಸ್ಟಿನ ಆದಾಯದಲ್ಲಿ ವ್ಯಾಪಾರದ ಲಾಭ ಸೇರಿದ್ದರೆ ಇಡೀ ಆದಾಯಕ್ಕೆ ಗರಿಷ್ಠ ದರ. ಪಾಲು ಬರೆದಿದ್ದೀಯೋ ಇಲ್ಲವೋ ಎಂದು ಅಲ್ಲಿ ಯಾರೂ ಕೇಳುವುದಿಲ್ಲ. ತಪ್ಪಿಸಿಕೊಳ್ಳಲು ಇರುವುದು ಒಂದೇ ದಾರಿ: ಅವಲಂಬಿತ ಬಂಧುವಿಗಾಗಿ ಉಯಿಲಿನ ಮೂಲಕ ಮಾಡಿದ ಏಕೈಕ ಟ್ರಸ್ಟ್. ಮತ್ತೆ ಸಾವಿನ ಷರತ್ತು. ನಮ್ಮ ತಾಲ್ಲೂಕುಗಳಲ್ಲೇ ಕೃಷ್ಣೆಯ ಕಾಲುವೆಯ ಕೆಳಗೆ ಭತ್ತ ಬೆಳೆಯುವವನ ಜಮೀನಿನ ಆದಾಯ ಎಷ್ಟೇ ದೊಡ್ಡದಾಗಿರಲಿ, ಕೇಂದ್ರದ ಆದಾಯ ತೆರಿಗೆಗೆ ಅದು ಬಾಧ್ಯವಲ್ಲ. ರೈತನಿಗೆ ತೆರಿಗೆ ಹಾಕಿ ಎಂದು ನಾನು ಹೇಳುತ್ತಿಲ್ಲ. ಅದೇ ಭತ್ತವನ್ನು ಗಂಜಿನಲ್ಲಿ ತೂಗಿ ಮಾರಿಸುವವನ ಮಕ್ಕಳ ಮೇಲೆ ಮೊದಲ ರೂಪಾಯಿಯಿಂದಲೇ ಶೇ 31.2 ಹಾಕುವುದಕ್ಕೆ ಯಾವ ಸಮರ್ಥನೆ ಇದೆ ಎಂದು ಕೇಳುತ್ತಿದ್ದೇನೆ.

ಟ್ರಸ್ಟಿಗಳ ವಿವೇಚನೆಯನ್ನು ನಂಬಬಾರದು ಎನ್ನುವವರು ಅಧಿಕಾರಿಯ ವಿವೇಚನೆಯನ್ನು ಮಾತ್ರ ಪೂರ್ತಿ ನಂಬುತ್ತಾರೆ. 166ನೇ ಕಲಮಿನ ಪ್ರಕಾರ ಟ್ರಸ್ಟಿಯ ಬದಲು ಫಲಾನುಭವಿಗೇ ನೇರವಾಗಿ ತೆರಿಗೆ ಹಾಕಬಹುದು. ಕಮಲಿನಿ ಖಟಾವು ಪ್ರಕರಣದಲ್ಲಿ 1994ರಲ್ಲಿ ಸುಪ್ರೀಂ ಕೋರ್ಟ್ ಹೇಳಿದಂತೆ, ವಿವೇಚನಾ ಟ್ರಸ್ಟಿನ ಆದಾಯ ಆ ವರ್ಷವೇ ಫಲಾನುಭವಿಯ ಕೈ ಸೇರಿದ್ದರೆ, ಅವರಿಬ್ಬರಲ್ಲಿ ಯಾರ ಮೇಲೆ ತೆರಿಗೆ ಹಾಕಬೇಕು ಎಂಬ ಆಯ್ಕೆ ಇಲಾಖೆಯದು. ಆ ಆಯ್ಕೆಯನ್ನು ಹೇಗೆ ಮಾಡಬೇಕು? ನೇರ ತೆರಿಗೆ ಮಂಡಳಿಯ 1974ರ ಡಿಸೆಂಬರಿನ 157ನೇ ಸುತ್ತೋಲೆ ಹೇಳುತ್ತದೆ: ಇಲಾಖೆಗೆ ಲಾಭವಾಗುವ ಕಡೆ. ಒಮ್ಮೆ ಒಬ್ಬರ ಮೇಲೆ ಹಾಕಿದರೆ ಅದೇ ಆದಾಯಕ್ಕೆ ಇನ್ನೊಬ್ಬರ ಮೇಲೆ ಹಾಕಬಾರದು ಎಂಬ ರಕ್ಷಣೆ ಅದರಲ್ಲಿದೆ, ಅದು ಒಳ್ಳೆಯದೇ. ಆದರೆ ಹಣ ಪಡೆದ ಮಗನಿಗೆ ಬೇರೆ ಆದಾಯವಿಲ್ಲ, ಆದ್ದರಿಂದ ಅವನ ದರದಲ್ಲಿ ಲೆಕ್ಕ ಹಾಕಿ ಎಂದು ಕೇಳುವ ಹಕ್ಕು ಮಗನಿಗೂ ಇಲ್ಲ, ಟ್ರಸ್ಟಿಗೂ ಇಲ್ಲ. ಗರಿಷ್ಠ ದರ ಕಟ್ಟಿಯಾದ ಮೇಲೆ ಮರುಪಾವತಿಯೂ ಇಲ್ಲ.

ಬೇರೆ ದೇಶಗಳಲ್ಲಿ ಹೀಗಿಲ್ಲ. ಬ್ರಿಟನ್ನಿನಲ್ಲಿ ವಿವೇಚನಾ ಟ್ರಸ್ಟಿನ ದರ ಶೇ 45, ನಮ್ಮದಕ್ಕಿಂತ ಹೆಚ್ಚು. ಆದರೆ ಹಣ ಪಡೆದ ಫಲಾನುಭವಿಗೆ ಆ ತೆರಿಗೆಯ ಲೆಕ್ಕ ಸಿಗುತ್ತದೆ. ಅವನ ದರ ಕಡಿಮೆ ಇದ್ದರೆ ಹೆಚ್ಚುವರಿ ಹಣ ವಾಪಸು ಬರುತ್ತದೆ. ಅಂಗವಿಕಲರ ಟ್ರಸ್ಟುಗಳು, ಆದಾಯವು ನೇರ ಅವರದೇ ಎಂಬಂತೆ ತೆರಿಗೆ ಲೆಕ್ಕ ಹಾಕಿಸಿಕೊಳ್ಳಲು 2005ರ ಹಣಕಾಸು ಕಾಯ್ದೆ ಅಲ್ಲಿ ಅವಕಾಶ ಕೊಟ್ಟಿದೆ. ಅಮೆರಿಕದಲ್ಲಿ ಹಂಚಿದ ಆದಾಯವನ್ನು ಟ್ರಸ್ಟಿನ ಲೆಕ್ಕದಿಂದ ಕಳೆದು ಪಡೆದವನ ಲೆಕ್ಕಕ್ಕೆ ಹಾಕುತ್ತಾರೆ. ಅಂಗವಿಕಲರ ಟ್ರಸ್ಟಿಗೆ ವಿಶೇಷ ರಿಯಾಯಿತಿಯೂ ಇದೆ. ತೆರಿಗೆ ತಪ್ಪಿಸುವವರನ್ನು ಹಿಡಿಯುವುದರಲ್ಲಿ ಆ ದೇಶಗಳೇನೂ ಹಿಂದೆ ಬಿದ್ದಿಲ್ಲ.

ನಮ್ಮಲ್ಲಿ ಕೆಲವು ವರ್ಷ ಇನ್ನೂ ಒಂದು ಅನ್ಯಾಯ ನಡೆಯಿತು. ರಿಟರ್ನುಗಳನ್ನು ಪರಿಶೀಲಿಸುವ ಬೆಂಗಳೂರಿನ ಕೇಂದ್ರ, ‘ಗರಿಷ್ಠ ದರ’ ಎಂದರೆ ಗರಿಷ್ಠ ಸರ್ಚಾರ್ಜೂ ಸೇರಬೇಕು ಎಂದು ತಿಳಿದು, ಐದು ಕೋಟಿ ಮೀರಿದ ಆದಾಯದವರಿಗೆ ಬೀಳಬೇಕಾದ ಶೇ 37ರ ಸರ್ಚಾರ್ಜನ್ನು ಸಣ್ಣ ಟ್ರಸ್ಟುಗಳ ಮೇಲೂ ಹಾಕಿತು. ದರ ಶೇ 42.744ಕ್ಕೆ ಏರಿತು. ಆ ಲೆಕ್ಕದಲ್ಲಿ 4 ಲಕ್ಷ ಬಡ್ಡಿಗೆ 1,70,976 ರೂಪಾಯಿ. 2025ರ ಏಪ್ರಿಲ್‌ನಲ್ಲಿ ಮುಂಬೈ ತೆರಿಗೆ ನ್ಯಾಯಮಂಡಳಿಯ ವಿಶೇಷ ಪೀಠ ಆರಾಧ್ಯ ಜೈನ್ ಟ್ರಸ್ಟ್ ಪ್ರಕರಣದಲ್ಲಿ ಇದು ಸರಿಯಲ್ಲ, ಆದಾಯದ ಹಂತ ನೋಡಿಯೇ ಸರ್ಚಾರ್ಜ್ ಹಾಕಬೇಕು ಎಂದು ತೀರ್ಪು ಕೊಟ್ಟಿತು. ಅನುಮಾನವೇ ಅಡಿಗಲ್ಲಾದ ಕಾನೂನು ಯಂತ್ರದ ಕೈಗೆ ಸಿಕ್ಕಾಗ ಏನಾಗುತ್ತದೆ ಎಂಬುದಕ್ಕೆ ಇದು ಸಾಕ್ಷಿ. ಇದರ ವಿರುದ್ಧ ಮೇಲ್ಮನವಿ ಹೂಡುವ ಶಕ್ತಿ ಸುರಪುರದ ನಿವೃತ್ತ ಶಿಕ್ಷಕರಿಗೆ ಎಲ್ಲಿಂದ ಬರಬೇಕು?

ಶಕ್ತಿ ಇದ್ದವರು ಯಾವಾಗಲೂ ಗೆದ್ದಿದ್ದಾರೆ. ನಮ್ಮ ಮೂರೂ ಊರುಗಳು 1948ರ ಸೆಪ್ಟೆಂಬರ್ ತನಕ ಯಾರ ಆಳ್ವಿಕೆಯಲ್ಲಿದ್ದವೋ ಆ ಹೈದರಾಬಾದ್ ನಿಜಾಮರು 1950ರಲ್ಲಿ ತಮ್ಮ ಬಂಧುಗಳಿಗಾಗಿ ಕುಟುಂಬ ಟ್ರಸ್ಟ್ ಮಾಡಿದರು. ಮುಂದಿನ ಎರಡು ವರ್ಷಗಳಲ್ಲಿ ಒಡವೆಗಳ ಟ್ರಸ್ಟುಗಳೂ ಬಂದವು. ಕುಟುಂಬದ ಟ್ರಸ್ಟುಗಳ ಸಂಪತ್ತು ತೆರಿಗೆಯ ವಿವಾದ ಸುಪ್ರೀಂ ಕೋರ್ಟಿಗೆ ಹೋಯಿತು. ಫಲಾನುಭವಿಯ ಮೇಲೆ ಬೀಳುವುದಕ್ಕಿಂತ ಹೆಚ್ಚಿನ ಹೊರೆ ಟ್ರಸ್ಟಿಯ ಮೇಲೆ ಬೀಳಬಾರದು ಎಂಬ ತತ್ವವನ್ನು 1977ರ ಆ ತೀರ್ಪು ಗಟ್ಟಿಯಾಗಿ ಹೇಳಿತು. ಒಳ್ಳೆಯ ವಕೀಲರನ್ನು ಇಟ್ಟು ಪಾಲುಗಳನ್ನು ಯೂನಿಟ್ಟುಗಳಲ್ಲಿ ಬರೆಸಬಲ್ಲ ಅರಮನೆಗೆ ಆ ತತ್ವ ಸಿಕ್ಕಿತು. ಅದೇ ನೆಲದ ಸಾಮಾನ್ಯ ಮನೆಗೆ ಇನ್ನೂ ಸಿಕ್ಕಿಲ್ಲ.

‘ದರ ಸಡಿಲಿಸಿದರೆ ಪ್ರತಿಯೊಬ್ಬ ಹಣವಂತ ಹತ್ತು ಟ್ರಸ್ಟ್ ಮಾಡಿ, ಒಂದೊಂದರಲ್ಲೂ ತೆರಿಗೆಮುಕ್ತ ಮಿತಿ ಬಳಸಿಕೊಳ್ಳುತ್ತಾನೆ’ ಎಂಬ ಆತಂಕ ನಿಜವಾದದ್ದು. ಅದನ್ನು ನಾನು ತಳ್ಳಿಹಾಕುವುದಿಲ್ಲ. ಆದರೆ ಅದಕ್ಕೆ ಮದ್ದು ಬೇರೆ ಇದೆ. ಟ್ರಸ್ಟ್ ಮಾಡಿದವರು ಬದುಕಿರುವ ತನಕ ಟ್ರಸ್ಟಿನ ಆದಾಯಕ್ಕೆ ಅವರದೇ ದರ ಅನ್ವಯವಾಗಲಿ. ಶೇ 30ರ ಹಂತದಲ್ಲಿರುವವನು ಶೇ 30 ಕಟ್ಟಲಿ, ಶೇ 5ರ ಹಂತದಲ್ಲಿರುವವನು ಶೇ 5. ಯಾರಿಗೂ ಲಾಭವಿಲ್ಲ, ಯಾರಿಗೂ ದಂಡವಿಲ್ಲ. ಅವರ ನಂತರ ಹಂಚಿದ ಆದಾಯಕ್ಕೆ ಪಡೆದವನ ದರ, ಹಂಚದೆ ಉಳಿಸಿದ್ದಕ್ಕೆ ಹಂತಗಳ ದರ ಇರಲಿ. ಒಬ್ಬರು ಮಾಡಿದ ಟ್ರಸ್ಟುಗಳೆಲ್ಲ ಸೇರಿ ಒಂದೇ ತೆರಿಗೆಮುಕ್ತ ಮಿತಿ ಇರಲಿ. ಅಂಗವೈಕಲ್ಯದ ಗುರುತಿನ ಚೀಟಿ ಇರುವ ಫಲಾನುಭವಿಗಾಗಿ ಖರ್ಚಾದ ಹಣ ಆ ಫಲಾನುಭವಿಯ ಸ್ವಂತ ಆದಾಯ ಎಂದೇ ಎಣಿಕೆಯಾಗಲಿ, ಜೊತೆಯ ಫಲಾನುಭವಿಗಳಿಗೆ ಸಂಬಳವಿದ್ದರೂ ಸರಿ. ಟ್ರಸ್ಟಿಗಳು ತಪ್ಪು ಮಾಡಿದರೆ? 1882ರ ಕಾಯ್ದೆ ಲೆಕ್ಕ ಇಡುವ ಹೊಣೆಯನ್ನು ಅವರ ಮೇಲೆ ಹೊರಿಸಿದೆ. ಅವರು ವಿವೇಚನೆಯನ್ನು ಪ್ರಾಮಾಣಿಕವಾಗಿ, ಸಮಂಜಸವಾಗಿ ಬಳಸದಿದ್ದರೆ ಸಿವಿಲ್ ನ್ಯಾಯಾಲಯ ಮಧ್ಯೆ ಬರಬಹುದು ಎಂದು ಅದರ 49ನೇ ಕಲಮು ಹೇಳಿದೆ. ಮೋಸವನ್ನು ಹಿಡಿಯುವ ಸಾಧನಗಳು ಇವೆ. ಅವುಗಳನ್ನು ಬಳಸುವ ಶ್ರಮ ಬೇಡವೆಂದು ಎಲ್ಲರಿಗೂ ಒಂದೇ ಏಟು ಹಾಕುವುದು ಆಡಳಿತದ ಸೋಮಾರಿತನ.

ಈ ಬದಲಾವಣೆಯನ್ನು ಕೇಳುವ ಹೊಣೆ ನಮ್ಮದೇ. ಮೂರೂ ಊರುಗಳ ಲೆಕ್ಕ ಪರಿಶೋಧಕರೂ ತೆರಿಗೆ ವಕೀಲರೂ ಬಜೆಟ್ ಮುಂಚಿನ ಮನವಿಗಳಲ್ಲಿ ಇದನ್ನು ಬರೆಯಬೇಕು. ಈ ಭಾಗವನ್ನು ದಿಲ್ಲಿಯಲ್ಲಿ ಪ್ರತಿನಿಧಿಸುವ ರಾಯಚೂರು ಕ್ಷೇತ್ರದ ಸಂಸದರು ಹಣಕಾಸು ಮಸೂದೆ ಬಂದಾಗ ಇದನ್ನು ಎತ್ತಬೇಕು. ಅಂಗವಿಕಲ ಮಕ್ಕಳ ತಂದೆತಾಯಿ ತಮ್ಮ ಪತ್ರ, ತಮ್ಮ ತೆರಿಗೆಯ ಚಲನ್ ಹಿಡಿದು ಬಂದು ಲೆಕ್ಕ ತೋರಿಸಬೇಕು. ಲೆಕ್ಕಕ್ಕಿಂತ ಗಟ್ಟಿಯಾದ ವಾದ ಇಲ್ಲಿ ಬೇರೆ ಇಲ್ಲ. ‘ಪಾಲು ಬರೆಯಿರಿ’ ಎಂಬ ಸುಲಭ ಸಲಹೆಯನ್ನು ನಾವು ಮೊದಲು ನಿಲ್ಲಿಸೋಣ. ತೆರಿಗೆ ಕಾನೂನು ಪರೀಕ್ಷಿಸಬೇಕಾದದ್ದು ಹಣ ಎಲ್ಲಿಂದ ಬಂತು, ಯಾರ ಕೈಗೆ ಹೋಯಿತು, ಆ ಕೈಗೆ ಎಷ್ಟು ಹೊರೆ ಹೊರುವ ಶಕ್ತಿಯಿದೆ ಎಂಬುದನ್ನು. ನಾಳೆ ತನ್ನ ಮಕ್ಕಳಲ್ಲಿ ಯಾರಿಗೆ ಕಷ್ಟ ಬರುತ್ತದೋ ತನಗೆ ತಿಳಿಯದು ಎಂದು ಒಪ್ಪಿಕೊಂಡ ತಂದೆಯ ಪ್ರಾಮಾಣಿಕತೆಯನ್ನು ಅಪರಾಧವೆಂದು ಎಣಿಸುವ ಅಧಿಕಾರ ಯಾವ ಕಾನೂನಿಗೂ ಇರಬಾರದು.